ವಿಬಿ 6 ಕಾಲದ ಡಿಎಲ್‌ಎಲ್ ಪೈಥಾನ್‌ನಲ್ಲಿ ಓಡುತ್ತಿಲ್ಲ, ಎರರ್ 193

ಮಂಡಿ ಹುಡುಗ, ಸಾಗರ

ನಮಸ್ಕಾರ. ನಮ್ಮ ಚಿಕ್ಕಪ್ಪನದು ಸಾಗರದಲ್ಲಿ ಒಂದು ಸಣ್ಣ ಅಡಿಕೆ ಮಂಡಿ. ತೂಕ ಹಿಡಿದು ಪಟ್ಟಿ ಕೊಡುವ ಪ್ರೋಗ್ರಾಂ 2004ರದ್ದು, ವಿಬಿ 6ರಲ್ಲಿ (ಮೈಕ್ರೋಸಾಫ್ಟ್‌ನ ಹಳೇ ವಿಷುವಲ್ ಬೇಸಿಕ್ ಭಾಷೆ) ಬರೆದದ್ದು. ಬರೆದುಕೊಟ್ಟವರು ಊರು ಬಿಟ್ಟು ಎಷ್ಟೋ ವರ್ಷ ಆಯಿತು. ಫಾರ್ಮು, ಬಟನ್ನು, ಪ್ರಿಂಟು ಎಲ್ಲ ವಿಬಿಯಲ್ಲಿದೆ. ನಿವ್ವಳ ತೂಕದ ಲೆಕ್ಕ ಮಾತ್ರ ‘ತೂಕ’ ಎಂಬ ಒಂದು ಡಿಎಲ್‌ಎಲ್ ಫೈಲಿನಲ್ಲಿ, ಅಂದರೆ ಬೇರೆ ಪ್ರೋಗ್ರಾಂಗಳು ಕರೆದು ಬಳಸುವ ಕೋಡಿನ ಫೈಲಿನಲ್ಲಿ, ಕೂತಿದೆ. ಅದು ಸಿ ಭಾಷೆಯದಂತೆ. ಅದರ ಮೂಲ ಕೋಡ್ ನನ್ನ ಹತ್ತಿರ ಇಲ್ಲ. ವಿಬಿಯ ಕೋಡ್ ಇದೆ.

ಹಳೇ ಕಂಪ್ಯೂಟರು ದಿನಕ್ಕೆರಡು ಸಲ ಕೈ ಕೊಡುತ್ತಿದೆ. ಹೊಸದು ತಂದೆವು. ನನಗೆ ಪೈಥಾನ್ ಸ್ವಲ್ಪ ಬರುತ್ತದೆ, ಅದರಲ್ಲಿ ಹೊಸ ಸ್ಕ್ರೀನ್ ಮಾಡಿ, ಲೆಕ್ಕಕ್ಕೆ ಮಾತ್ರ ಈ ಹಳೇ ಡಿಎಲ್‌ಎಲ್ ಕರೆಯೋಣ ಎಂದುಕೊಂಡೆ. ಪೈಥಾನ್‌ನಿಂದ ಸಿ ಕೋಡ್ ಕರೆಯಲು ಇರುವ ಸಿಟೈಪ್ಸ್ ಬಳಸಿ ಲೋಡ್ ಮಾಡಿದರೆ ‘ವಿನ್‌ಎರರ್ 193, ಇದು ಸರಿಯಾದ ವಿನ್32 ಅಪ್ಲಿಕೇಶನ್ ಅಲ್ಲ’ ಎನ್ನುತ್ತದೆ. ಅದು ವಿನ್32 ಅಲ್ಲದೆ ಇನ್ನೇನು? ಇಪ್ಪತ್ತು ವರ್ಷ ವಿಂಡೋಸ್‌ನಲ್ಲೇ ಓಡಿದೆ! ಸಿಸ್ಟಮ್32 ಫೋಲ್ಡರಿಗೂ ಹಾಕಿ ನೋಡಿದೆ. ಅದೇ ಹಾಡು. ಹಳೇ ವಿಬಿ ಪ್ರೋಗ್ರಾಂ ಅನ್ನು ಹೊಸ ಮಷೀನಿಗೆ ಹಾಕಿದರೆ ಅದಕ್ಕೂ ಈ ಫೈಲ್ ಸಿಗುತ್ತಿಲ್ಲವಂತೆ. ಸೀಸನ್ ಶುರುವಾಗುವುದಕ್ಕೆ ತಿಂಗಳೂ ಇಲ್ಲ. ಯಾರಾದರೂ ದಾರಿ ತೋರಿಸಿ.

ಹಳೇ ಟರ್ಮಿನಲ್, ಮೈಸೂರು

ಆ ಎರರ್ ಬರೆದವರು ಸತ್ಯವನ್ನು ತಲೆಕೆಳಗು ಮಾಡಿ ಬರೆದಿದ್ದಾರೆ. ನಿಮ್ಮ ಫೈಲು 32 ಬಿಟ್‌ನದು. ವಿಬಿ 6 ಬೇರೆ ಏನನ್ನೂ ಮಾಡುತ್ತಿರಲಿಲ್ಲ, ಅದರ ಜೊತೆಗಾರ ಡಿಎಲ್‌ಎಲ್ ಕೂಡ ಅದೇ. ನೀವು ಹಾಕಿಕೊಂಡ ಪೈಥಾನ್ 64 ಬಿಟ್‌ನದು. ಒಂದು ಪ್ರೊಸೆಸ್ (ಓಡುತ್ತಿರುವ ಒಂದು ಪ್ರೋಗ್ರಾಂ) ಒಳಗೆ ಎರಡೂ ಜಾತಿ ಸೇರುವುದಿಲ್ಲ. ಸೇರಿಸುವ ಸ್ವಿಚ್ಚೂ ಇಲ್ಲ, ಹುಡುಕಬೇಡಿ.

ಅನುಮಾನ ಇದ್ದರೆ ಡಿಎಲ್‌ಎಲ್ ಅನ್ನು ಸುಮ್ನೆ ನೋಟ್‌ಪ್ಯಾಡಿನಲ್ಲಿ ತೆರೆಯಿರಿ. ಎಲ್ಲ ಕಸದಂತೆ ಕಾಣುತ್ತದೆ, ಹೆದರಬೇಡಿ, ಸೇವ್ ಮಾತ್ರ ಮಾಡಬೇಡಿ. ಮೊದಲ ಕೆಲವು ಸಾಲುಗಳಲ್ಲಿ ಇಂಗ್ಲಿಷ್‌ನ ಪಿ, ಇ ಎಂಬ ಎರಡು ಅಕ್ಷರ ಜೋಡಿಯಾಗಿ ಸಿಗುತ್ತವೆ. ಅವುಗಳ ನಂತರ ದೊಡ್ಡ ಎಲ್ ಬಂದರೆ 32 ಬಿಟ್. ಸಣ್ಣ ಡಿ ಬಂದು ಪಕ್ಕದಲ್ಲಿ ಶಿಲುಬೆಯಂಥ ಗುರುತು ಇದ್ದರೆ 64. ಮೂವತ್ತು ವರ್ಷದಲ್ಲಿ ನಾನು ಅತಿ ಜಾಸ್ತಿ ಬಳಸಿದ ಉಪಾಯ ಇದು.

ಸಿಸ್ಟಮ್32 ವಿಷಯ. 64 ಬಿಟ್ ವಿಂಡೋಸ್‌ನಲ್ಲಿ ಸಿಸ್ಟಮ್32 ಫೋಲ್ಡರಿನಲ್ಲಿ ಇರುವುದು 64 ಬಿಟ್ ಫೈಲುಗಳು. 32 ಬಿಟ್ ಫೈಲುಗಳ ಜಾಗದ ಹೆಸರು ಸಿಸ್‌ವಾವ್64. ಓದಿದ್ದು ಸರಿಯಾಗಿಯೇ ಇದೆ, ಇನ್ನೊಂದು ಸಲ ಓದಿ. ಹಳೇ ಪ್ರೋಗ್ರಾಂಗಳಲ್ಲಿ ಸಿಸ್ಟಮ್32 ಎಂದು ಬರೆದಿಟ್ಟದ್ದು ಕೆಡಬಾರದು ಎಂದು ಹೆಸರು ಉಳಿಸಿಕೊಂಡರು. 32 ಬಿಟ್ ಪ್ರೋಗ್ರಾಂ ಸಿಸ್ಟಮ್32 ಕೇಳಿದರೆ ವಿಂಡೋಸ್ ಅದನ್ನು ಮೆಲ್ಲಗೆ ಇನ್ನೊಂದು ಫೋಲ್ಡರಿಗೆ ಕಳಿಸುತ್ತದೆ. ನಿಮ್ಮ ವಿಬಿ ಪ್ರೋಗ್ರಾಂ ಹೋಗಿ ನೋಡಿದ್ದು ಸಿಸ್‌ವಾವ್64ರಲ್ಲಿ. ನೀವು ಇಟ್ಟದ್ದು ಸಿಸ್ಟಮ್32ರಲ್ಲಿ. ಅಲ್ಲಿಂದ ತೆಗೆದುಬಿಡಿ, ಪ್ರೋಗ್ರಾಂ ಪಕ್ಕದಲ್ಲೇ ಇಡಿ.

ಸದ್ಯಕ್ಕೆ 32 ಬಿಟ್ ಪೈಥಾನ್ ಇಳಿಸಿಕೊಳ್ಳಿ. ಪೈಥಾನ್‌ನವರ ಸೈಟಿನಲ್ಲಿ ವಿಂಡೋಸ್‌ಗೆ ಅದೂ ಸಿಗುತ್ತದೆ. ಮೊದಲು ಫೈಲು ಲೋಡ್ ಆಗಲಿ, ಆಮೇಲೆ ಮಾತಾಡೋಣ.

ಮಂಡಿ ಹುಡುಗ, ಸಾಗರ

ಎಲ್ ಸಿಕ್ಕಿತು ಸರ್! 32 ಬಿಟ್ ಪೈಥಾನ್ ಹಾಕಿದೆ. 193 ಹೋಯಿತು. ಈಗ ‘ಫೈಲು ಅಥವಾ ಅದು ಅವಲಂಬಿಸಿದ ಇನ್ನೊಂದು ಸಿಗುತ್ತಿಲ್ಲ’ ಎನ್ನುತ್ತದೆ. ಫೈಲು ಕಣ್ಣೆದುರೇ ಇದೆ. ಪೂರ್ತಿ ದಾರಿ ಕೊಟ್ಟಿದ್ದೇನೆ.

ಹಳೇ ಟರ್ಮಿನಲ್, ಮೈಸೂರು

ಆ ಮಾತಿನ ಎರಡನೇ ಅರ್ಧವನ್ನು ನಂಬಿ. ಡಿಎಲ್‌ಎಲ್‌ಗಳೂ ತಮ್ಮ ಕೆಲಸಕ್ಕೆ ಬೇರೆ ಡಿಎಲ್‌ಎಲ್ ಕರೆಯುತ್ತವೆ. 2004 ಎಂದಿರಿ. ಆಗಿನ ವಿಷುವಲ್ ಸ್ಟುಡಿಯೋ 2003ರಲ್ಲಿ ಕಂಪೈಲ್ ಮಾಡಿದ್ದರೆ ಅದಕ್ಕೆ ಎಂಎಸ್‌ವಿಸಿಆರ್71 ಎಂಬ ರನ್‌ಟೈಮ್ ಫೈಲು ಬೇಕು. ಅದು ವಿಂಡೋಸ್ ಜೊತೆ ಬರುವುದಿಲ್ಲ. ಹಳೇ ಮಷೀನಿನಲ್ಲಿ ಪ್ರೋಗ್ರಾಂ ಇದ್ದ ಫೋಲ್ಡರ್ ನೋಡಿ, ಅಲ್ಲೇ ಇರುತ್ತದೆ. ತಂದು ತೂಕದ ಪಕ್ಕ ಇಡಿ. ಪೈಥಾನ್ 3.8ರಿಂದ ಇಂಥ ಜೊತೆ ಫೈಲುಗಳನ್ನು ಪಾತ್ (ಹುಡುಕಬೇಕಾದ ಫೋಲ್ಡರುಗಳ ಪಟ್ಟಿ) ಹಿಡಿದು ಹುಡುಕುವುದನ್ನು ನಿಲ್ಲಿಸಿದ್ದಾರೆ. ಹಾಗಾಗಿ ಬೇರೆಲ್ಲೋ ಇಟ್ಟು ಪಾತ್‌ಗೆ ಸೇರಿಸಿದರೆ ಉಪಯೋಗವಿಲ್ಲ.

ಮಂಡಿ ಹುಡುಗ, ಸಾಗರ

ಇತ್ತು. ಲೋಡ್ ಆಯಿತು. ಆದರೆ ‘ನಿವ್ವಳ’ ಎಂಬ ಫಂಕ್ಷನ್ನೇ ಇಲ್ಲ ಎನ್ನುತ್ತದೆ. ವಿಬಿ ಕೋಡಿನಲ್ಲಿ ಆ ಫಂಕ್ಷನ್ನಿನ ಪರಿಚಯ ಹೇಳುವ ಡಿಕ್ಲೇರ್ ಸಾಲಿನಲ್ಲಿ ನೋಡಿದರೆ ಏಲಿಯಾಸ್ ಎಂದು ಬರೆದು, ಹೆಸರಿನ ಶುರುವಿಗೆ ಒಂದು ಅಂಡರ್‌ಸ್ಕೋರ್, ಕೊನೆಗೆ ಅಟ್ ಗುರುತು, ಅದಾದ ಮೇಲೆ 20 ಎಂದಿದೆ. ಈ 20 ಏನು? ವರ್ಷನ್ನಾ?

ಹಳೇ ಟರ್ಮಿನಲ್, ಮೈಸೂರು

ಅಲ್ಲ ತಮ್ಮಾ, ಅದು ಆ ಫಂಕ್ಷನ್ನಿನ ಅರ್ಧ ಜಾತಕ.

32 ಬಿಟ್ ವಿಂಡೋಸ್‌ನಲ್ಲಿ ಫಂಕ್ಷನ್ ಕರೆಯುವ ಪದ್ಧತಿ ಒಂದಲ್ಲ. ಎರಡು ಮುಖ್ಯ. ಸಿ ಕಂಪೈಲರುಗಳ ಮಾಮೂಲಿ ಪದ್ಧತಿಯಲ್ಲಿ ಕೊಟ್ಟ ಸಾಮಾನನ್ನು ಕರೆದವನೇ ಸ್ಟ್ಯಾಕ್ ಎಂಬ ತಾತ್ಕಾಲಿಕ ಮೆಮೊರಿಯಿಂದ ತೆಗೆಯಬೇಕು. ಎಸ್‌ಟಿಡಿಕಾಲ್ ಪದ್ಧತಿಯಲ್ಲಿ ಕೆಲಸ ಮಾಡಿದ ಫಂಕ್ಷನ್ನೇ ತೆಗೆದು ಹೋಗುತ್ತದೆ. ಮದುವೆ ಊಟದಲ್ಲಿ ಎಲೆ ಎತ್ತುವವರು ಯಾರು ಎಂದು ಮೊದಲೇ ಮಾತಾಗಬೇಕು, ಅಲ್ವಾ? ಇಬ್ಬರೂ ಎತ್ತಿದರೆ ಪಕ್ಕದವನ ಎಲೆಯೂ ಹೋಗುತ್ತದೆ. ವಿಬಿಗೆ ಗೊತ್ತಿದ್ದದ್ದು ಎಸ್‌ಟಿಡಿಕಾಲ್ ಮಾತ್ರ. ಆ ಪದ್ಧತಿಯಲ್ಲಿ ಕಂಪೈಲರು ಹೆಸರಿನ ಜೊತೆ ‘ನಾನು ಎಷ್ಟು ಬೈಟ್ ಎತ್ತುತ್ತೇನೆ’ ಎಂದೂ ಬರೆದಿಡುತ್ತದೆ. ಅದೇ ನಿಮ್ಮ 20.

20 ಎಂದರೆ 8, 8, 4 ಇರಬಹುದು. ಎರಡು ಡಬಲ್ (ದಶಮಾಂಶದ ಸಂಖ್ಯೆ, 8 ಬೈಟ್), ಒಂದು ಲಾಂಗ್ (ಪೂರ್ಣಾಂಕ, 4 ಬೈಟ್). ಐದು ಲಾಂಗ್ ಕೂಡ ಆಗಬಹುದು. ಯಾವುದು ಎಂದು ಆ ಹೆಸರು ಹೇಳುವುದಿಲ್ಲ, ಡಿಎಲ್‌ಎಲ್‌ನಲ್ಲಿ ಇನ್ನೆಲ್ಲೂ ಬರೆದಿರುವುದಿಲ್ಲ. ಅದಕ್ಕೇ ನಿಮ್ಮ ಡಿಕ್ಲೇರ್ ಸಾಲು ಈಗ ಚಿನ್ನ. ಪೂರ್ತಿ ಇಲ್ಲಿ ಹಾಕಿ. ಪೈಥಾನ್‌ನಲ್ಲಿ ಸಿ ಪದ್ಧತಿಯ ಸಿಡಿಎಲ್‌ಎಲ್ ಬಿಟ್ಟು ಎಸ್‌ಟಿಡಿಕಾಲ್‌ನ ವಿನ್‌ಡಿಎಲ್‌ಎಲ್ ಬಳಸಿ. ಅಟ್ ಗುರುತಿರುವ ಹೆಸರನ್ನು ಚುಕ್ಕಿ ಹಾಕಿ ಕರೆಯಲು ಬರುವುದಿಲ್ಲ. ಚೌಕ ಆವರಣದೊಳಗೆ, ಕೋಟ್ ಹಾಕಿ, ಪೂರ್ತಿ ಹೆಸರು ಕೊಡಿ.

ಐದು ಸಾಲು, ಬೆಂಗಳೂರು

ಕ್ಷಮಿಸಿ, ನನಗೆ ಅರ್ಥ ಆಗುತ್ತಿಲ್ಲ. ಒಟ್ಟು ತೂಕದಲ್ಲಿ ಚೀಲದ ತೂಕ, ತೇವದ ಶೇಕಡಾ ಕಳೆಯುವುದಕ್ಕೆ ಡಿಎಲ್‌ಎಲ್ ಯಾಕೆ? ಪೈಥಾನ್‌ನಲ್ಲಿ ಐದು ಸಾಲು. ಇಪ್ಪತ್ತು ವರ್ಷದ ಹೆಣ ಹೊತ್ತುಕೊಂಡು ಯಾಕೆ ತಿರುಗಬೇಕು?

ಮಂಡಿ ಹುಡುಗ, ಸಾಗರ

ಐದು ಸಾಲು ಬರೆದೆ ಸರ್, ಮೊದಲು ಅದನ್ನೇ ಮಾಡಿದ್ದು. ಹೋದ ವರ್ಷದ ಪಟ್ಟಿಗಳ ಜೊತೆ ತಾಳೆ ನೋಡಿದರೆ ಅಲ್ಲೊಂದು ಇಲ್ಲೊಂದು ನೂರು ಗ್ರಾಂ ಕಮ್ಮಿ. ರೈತರಿಗೆ ಕೊಟ್ಟ ಕಾಗದ ಅವರ ಹತ್ತಿರ ಇರುತ್ತದೆ. ರಾಶಿ ಅಡಿಕೆಯ ರೇಟಿನಲ್ಲಿ ನೂರು ಗ್ರಾಂ ಅಂದರೆ ಹತ್ತಿರ ಹತ್ತಿರ ಐವತ್ತು ರೂಪಾಯಿ. ಚಿಕ್ಕಪ್ಪ ಕೇಳಿದ್ದು ಒಂದೇ ಮಾತು: ‘ಹೋದ ವರ್ಷ ನಾವು ತಪ್ಪೋ, ಈ ವರ್ಷ ನೀನು ತಪ್ಪೋ?’

ಡಿಕ್ಲೇರ್ ಸಾಲಿನಲ್ಲಿ ಇರುವುದು: ಒಟ್ಟು ತೂಕ ಬೈವ್ಯಾಲ್ ಡಬಲ್, ತೇವ ಬೈವ್ಯಾಲ್ ಡಬಲ್, ಚೀಲ ಬೈವ್ಯಾಲ್ ಲಾಂಗ್, ವಾಪಸ್ ಡಬಲ್. ವಿನ್‌ಡಿಎಲ್‌ಎಲ್‌ನಲ್ಲಿ ಕರೆದೆ. ಉತ್ತರ 64.3 ಬರಬೇಕಾದ ಕಡೆ ಏಳಂಕಿಯ ಏನೋ ಒಂದು ಬಂತು. ಇನ್ನೊಂದು ಸಲ ಕರೆದರೆ ಬೇರೆ ಏಳಂಕಿ.

ಹಳೇ ಟರ್ಮಿನಲ್, ಮೈಸೂರು

ಲೆಕ್ಕ ಸರಿಯಾಗಿಯೇ ಆಗಿದೆ. ನೀವು ಉತ್ತರವನ್ನು ತಪ್ಪು ಡಬ್ಬಿಯಿಂದ ತೆಗೆದಿದ್ದೀರಿ.

ಫಂಕ್ಷನ್ ಡಬಲ್ ವಾಪಸ್ ಕೊಟ್ಟರೆ ಅದು ಪ್ರೊಸೆಸರಿನಲ್ಲಿ ದಶಮಾಂಶದ ಸಂಖ್ಯೆಗಳಿಗೆಂದೇ ಇರುವ ಜಾಗದಲ್ಲಿ ಬಂದು ಕೂರುತ್ತದೆ. ಪೂರ್ಣಾಂಕ ಕೊಟ್ಟರೆ ಬೇರೆ ಜಾಗ. ಸಿಟೈಪ್ಸ್‌ಗೆ ನೀವು ಏನೂ ಹೇಳದಿದ್ದರೆ ಅದು ವಾಪಸ್ ಬರುವುದೆಲ್ಲ ಪೂರ್ಣಾಂಕ ಎಂದುಕೊಳ್ಳುತ್ತದೆ. ಆ ಜಾಗದಲ್ಲಿ ಹಿಂದಿನ ಯಾವುದೋ ಕೆಲಸದ ಕಸ ಬಿದ್ದಿತ್ತು, ಅದನ್ನು ಎತ್ತಿಕೊಂಡು ಬಂತು. ವಾಪಸ್ ಬರುವುದು ಯಾವ ಜಾತಿ ಎನ್ನುವ ರೆಸ್‌ಟೈಪ್ ಸಿ-ಡಬಲ್ ಎಂದು ಹೇಳಿ. ಕೊಡುವುದರ ಜಾತಿ ಹೇಳುವ ಆರ್ಗ್‌ಟೈಪ್ಸ್ ಕೂಡ ಮೂರನ್ನೂ ಬರೆಯಿರಿ. ಇಲ್ಲದಿದ್ದರೆ ಒಂದು ದಿನ ತೂಕ ಸರಿಯಾಗಿ 66 ಬರುತ್ತದೆ, ನೀವು ದಶಮಾಂಶ ಇಲ್ಲದೆ 66 ಎಂದು ಕೊಡುತ್ತೀರಿ, ಎಂಟು ಬೈಟ್ ಹೋಗಬೇಕಾದ ಕಡೆ ನಾಲ್ಕೇ ಹೋಗುತ್ತದೆ, ಅದರ ನಂತರದ್ದೆಲ್ಲ ಒಂದು ಮನೆ ಸರಿಯುತ್ತದೆ. ತೇವ ಚೀಲವಾಗುತ್ತದೆ, ಚೀಲ ಕಸವಾಗುತ್ತದೆ.

ಏಳಂಕಿಯ ಉತ್ತರ ಬಂದದ್ದು ನಿಮ್ಮ ಅದೃಷ್ಟ. ಕಣ್ಣಿಗೆ ಹೊಡೆಯಿತು. ನನಗೆ ಒಂದು ಸಲ ಕಣ್ಣಿಗೆ ಹೊಡೆಯದ ತಪ್ಪು ಸಿಕ್ಕಿತ್ತು. ತೊಂಬತ್ತರ ದಶಕ, ಕೆಲಸದ ಜಾಗದ ಹೆಸರು ಬೇಡ. ಹಿರಿಯರು ಫೋರ್ಟ್ರಾನ್ ಎಂಬ ಹಳೇ ಭಾಷೆಯಲ್ಲಿ ಬರೆದ ಲೈಬ್ರರಿ, ಅದನ್ನು ನಾನು ಸಿ ಪ್ರೋಗ್ರಾಂನಿಂದ ಕರೆಯುತ್ತಿದ್ದೆ. ಸಿ ಭಾಷೆ ಕೋಷ್ಟಕವನ್ನು ಅಡ್ಡಸಾಲಿನಂತೆ ಇಡುತ್ತದೆ. ಫೋರ್ಟ್ರಾನ್ ಕಂಬಸಾಲಿನಂತೆ ಇಡುತ್ತದೆ. ನನಗೆ ಗೊತ್ತಿತ್ತು, ಆ ದಿನ ನೆನಪಾಗಲಿಲ್ಲ, ಅಷ್ಟೇ. ನಾನು ಪರೀಕ್ಷೆಗೆ ಕೊಟ್ಟ ಕೋಷ್ಟಕಗಳೆಲ್ಲ ಅಡ್ಡ ತಿರುಗಿಸಿದರೂ ಒಂದೇ ಥರ ಕಾಣುವಂಥವು. ಎಲ್ಲ ಉತ್ತರ ಸರಿ ಬಂತು. ಮೂರು ವಾರ ಎಲ್ಲರೂ ಖುಷಿಯಾಗಿದ್ದೆವು. ನಾಲ್ಕನೇ ವಾರ ನಿಜವಾದ ಅಳತೆಗಳು ಬಂದವು. ಉತ್ತರ ತಪ್ಪು, ಆದರೆ ನಂಬುವಂಥ ತಪ್ಪು. ಹಿಡಿದದ್ದು ನಾನಲ್ಲ, ಪಕ್ಕದ ಮೇಜಿನವರು, ಕಾಗದದ ಮೇಲೆ ಪೆನ್ಸಿಲ್ಲಿನಿಂದ.

‘ಐದು ಸಾಲು’ ಅವರಿಗೆ: ಹೆಣ ಎಂದಿರಿ. ನೀವು ಪೈಥಾನ್‌ನ ಲೆಕ್ಕದ ಲೈಬ್ರರಿ ನಮ್‌ಪೈ ಬಳಸುತ್ತೀರಲ್ಲ? ಅದನ್ನು ಇನ್‌ಸ್ಟಾಲ್ ಮಾಡಿದಾಗ ಸಾಮಾನ್ಯವಾಗಿ ಓಪನ್‌ಬ್ಲಾಸ್ ಎಂಬ ಲೈಬ್ರರಿ ಫೈಲೂ ಜೊತೆಗೇ ಬಂದು ಕೂರುತ್ತದೆ. ಅದರೊಳಗಿನ ಲ್ಯಾಪ್ಯಾಕ್ ಎಂಬ ಲೆಕ್ಕದ ಕೋಡ್ ಫೋರ್ಟ್ರಾನ್‌ನಲ್ಲಿ ಹುಟ್ಟಿದ್ದು, 1992ರಲ್ಲಿ ಹೊರಬಂದದ್ದು. ನಿಮ್ಮ ಬೆಳಗಿನ ಕಾಫಿಗೆ ಮುಂಚೆ ಅದು ನಿಮಗಾಗಿ ಒಂದಷ್ಟು ಲೆಕ್ಕ ಮಾಡಿ ಮುಗಿಸಿರುತ್ತದೆ.

ಇನ್ನು ಆ ನೂರು ಗ್ರಾಂ. ನಿಮ್ಮ ಐದು ಸಾಲಿನಲ್ಲಿ ರೌಂಡ್ ಬಳಸಿದ್ದೀರಾ? ಪೈಥಾನ್‌ನ ರೌಂಡ್ ಸರಿಯಾಗಿ ಮಧ್ಯೆ ಬಿದ್ದ ಸಂಖ್ಯೆಯನ್ನು ಸಮ ಅಂಕೆಯ ಕಡೆಗೆ ತಳ್ಳುತ್ತದೆ. 64.25 ಕೊಟ್ಟು ಒಂದು ದಶಮಾಂಶ ಕೇಳಿ, 64.2 ಬರುತ್ತದೆ. ಸಿ ಬರೆಯುವವರ ಹಳೇ ಅಭ್ಯಾಸ ಬೇರೆ: ಹತ್ತರಿಂದ ಗುಣಿಸು, ಅರ್ಧ ಸೇರಿಸು, ದಶಮಾಂಶ ಕತ್ತರಿಸು. 64.3 ಬರುತ್ತದೆ.

ಮಂಡಿ ಹುಡುಗ, ಸಾಗರ

64.3 ಬಂತು!! ಹೌದು ಸರ್, ರೌಂಡ್ ಬಳಸಿದ್ದೆ. ತಾಳೆ ಬೀಳದ ಪಟ್ಟಿಗಳನ್ನೆಲ್ಲ ನೋಡಿದೆ, ಎಲ್ಲವೂ ಕೊನೆಗೆ ಐದು ಬರುವಂಥವೇ. ಡಿಎಲ್‌ಎಲ್‌ನಿಂದ ಮಾಡಿಸಿದರೆ ಒಂದೂ ವ್ಯತ್ಯಾಸ ಇಲ್ಲ.

ಧಾರವಾಡದಾಕಿ

ನನ್ನದೂ ಒಂದು ಮಾತು. ನಾನು ಆಂಡ್ರಾಯ್ಡ್ ಕೆಲಸ ಮಾಡುವವಳು. ನಮ್ಮಲ್ಲೂ ಇದೇ ಕಥೆ, ಡಿಎಲ್‌ಎಲ್ ಬದಲು ಎಸ್‌ಒ ಫೈಲು. ಜಾವಾ ಅಥವಾ ಕಾಟ್ಲಿನ್‌ನಿಂದ ಸಿ ಕರೆಯಬೇಕಾದರೆ ಜೆಎನ್‌ಐ ಎಂಬ ದಾರಿ. 32 ಬಿಟ್‌ಗೊಂದು ಫೋಲ್ಡರು, 64ಕ್ಕೊಂದು ಫೋಲ್ಡರು, ಎರಡರಲ್ಲೂ ಒಂದೇ ಹೆಸರಿನ ಫೈಲು. ಪ್ಲೇ ಸ್ಟೋರಿನವರು 2019ರ ಆಗಸ್ಟ್‌ನಿಂದ 64 ಬಿಟ್ ಇಲ್ಲದ ಹೊಸ ಆವೃತ್ತಿ ತೆಗೆದುಕೊಳ್ಳುವುದಿಲ್ಲ ಎಂದಾಗ, ಯಾರೋ ಕೊಟ್ಟುಹೋದ ಒಂದು ಎಸ್‌ಒ ಫೈಲಿನ ಮೂಲ ಕೋಡ್ ಹುಡುಕಿ ನಾವು ಎರಡು ತಿಂಗಳು ಅಲೆದೆವು. ಕಡೆಗೆ ಸಿಗಲಿಲ್ಲ. ನೀವು 32 ಬಿಟ್ ಪೈಥಾನ್ ಮೇಲೆ ನೆಮ್ಮದಿಯಾಗಿ ಕೂರಬೇಡಿ, ಆ ಸಿ ಕೋಡನ್ನು ಈಗಲೇ ಹುಡುಕಿ.

ಮಂಡಿ ಹುಡುಗ, ಸಾಗರ

ಎರಡು ವಾರ ಆಯಿತು. ತೂಕ ಸರಿ ಇದೆ. ಈಗ ವಿಚಿತ್ರ ತೊಂದರೆ. ಅದೇ ಡಿಎಲ್‌ಎಲ್‌ನಲ್ಲಿ ಪಟ್ಟಿಯ ಸಾಲು ಜೋಡಿಸುವ ಇನ್ನೊಂದು ಫಂಕ್ಷನ್ ಇದೆ: ಹೆಸರು, ಚೀಲ, ತೂಕ ಕೊಟ್ಟರೆ ಸಾಲು ಮಾಡಿಕೊಡುತ್ತದೆ. ಮೊದಲು ಹೆಸರುಗಳು ನುಡಿಯ ಹಳೇ ಫಾಂಟಿನಲ್ಲಿದ್ದವು. ನಾನು ಎಲ್ಲವನ್ನೂ ಯೂನಿಕೋಡಿಗೆ ತಂದು ಯುಟಿಎಫ್-8 ಮಾಡಿ ಕಳಿಸುತ್ತಿದ್ದೇನೆ.

ಗಣಪತಿ ಎಂದರೆ ಸರಿ. ರಾಮಪ್ಪ ಸರಿ. ವೆಂಕಟರಮಣ ಸರಿ. ಕೃಷ್ಣಮೂರ್ತಿ ಎಂದರೆ ಪ್ರೋಗ್ರಾಂ ಒಂದೂ ಮಾತಾಡದೆ ಮುಚ್ಚಿಕೊಳ್ಳುತ್ತದೆ. ಸುಬ್ರಹ್ಮಣ್ಯನಿಗೂ ಹಾಗೇ. ಪೈಥಾನ್‌ನ ಎರರ್ ಕೂಡ ಬರುವುದಿಲ್ಲ, ಕಿಟಕಿಯೇ ಮಾಯ. ಹೆಸರು ಉದ್ದವಾಯಿತೋ ಎಂದರೆ ವೆಂಕಟರಮಣ ಕಣ್ಣಿಗೆ ಇನ್ನೂ ಉದ್ದ. ಚಿಕ್ಕಪ್ಪ ಪಂಚಾಂಗ ತೆಗೆಯುವುದೊಂದು ಬಾಕಿ.

ಹಳೇ ಟರ್ಮಿನಲ್, ಮೈಸೂರು

ಪಂಚಾಂಗ ಬೇಡ, ಬೆರಳು ಸಾಕು. ಎಣಿಸೋಣ.

ವೆಂಕಟರಮಣ ನಮ್ಮ ಕಣ್ಣಿಗೆ ಆರು ಅಕ್ಷರ. ಕಂಪ್ಯೂಟರಿಗೆ ವ, ಎತ್ವ, ಸೊನ್ನೆ, ಕ, ಟ, ರ, ಮ, ಣ: ಎಂಟು. ಕೃಷ್ಣಮೂರ್ತಿ ನಮಗೆ ನಾಲ್ಕೇ ಅಕ್ಷರ. ಅದಕ್ಕೆ ಕ, ವಟ್ರಸುಳಿ, ಷ, ಹಲಂತ, ಣ, ಮ, ಊಕಾರದ ಕೊಂಬು, ರ, ಹಲಂತ, ತ, ಗುಡಿಸು: ಹನ್ನೊಂದು. ಯುಟಿಎಫ್-8ರಲ್ಲಿ ಕನ್ನಡದ ಪ್ರತಿಯೊಂದಕ್ಕೂ ಮೂರು ಬೈಟ್. ವೆಂಕಟರಮಣ 24. ಕೃಷ್ಣಮೂರ್ತಿ 33, ಸಿ ಭಾಷೆ ಕೊನೆಗೆ ಇಡುವ ಸೊನ್ನೆ ಸೇರಿ 34. ಸುಬ್ರಹ್ಮಣ್ಯನೂ ಅಷ್ಟೇ, ಹನ್ನೊಂದು. ಇನ್ನು ಲಕ್ಷ್ಮೀನಾರಾಯಣರು ಬಂದರೆ 39, ಸೊನ್ನೆ ಬೇರೆ.

ಪಂಥ ಕಟ್ಟುತ್ತೇನೆ: ಆ ಫಂಕ್ಷನ್ ಒಳಗೆ ಹೆಸರಿಗೆ 32 ಬೈಟ್ ಜಾಗ ಇಟ್ಟಿದ್ದಾರೆ. ನುಡಿಯ ಹಳೇ ಫಾಂಟಿನಲ್ಲಿ ಒಂದೊಂದು ಅಕ್ಷರದ ತುಂಡಿಗೆ ಒಂದೊಂದು ಬೈಟ್, ಯಾವ ಹೆಸರಾದರೂ ಕಾಲು ಚಾಚಿ ಮಲಗುವಷ್ಟು ಜಾಗ. ಬರೆದವರದು ತಪ್ಪಲ್ಲ. ಈಗ ಎರಡು ಬೈಟ್ ಹೊರಗೆ ಚೆಲ್ಲಿ ಪಕ್ಕದ್ದನ್ನು ತುಳಿಯುತ್ತಿದೆ. ಪೈಥಾನ್ ಏನೂ ಹೇಳುವುದಿಲ್ಲ, ಯಾಕೆಂದರೆ ಬಿದ್ದದ್ದು ಅದರ ಕೈಯಲ್ಲಿ ಅಲ್ಲ. ಡಿಎಲ್‌ಎಲ್ ಬಿದ್ದರೆ ಮನೆಯೇ ಬಿತ್ತು, ಇಬ್ಬರೂ ಒಂದೇ ಪ್ರೊಸೆಸ್.

ಹೋಗಲಿ ಎಂದು ವಿಬಿಯಿಂದಲೇ ಯೂನಿಕೋಡ್ ಹೆಸರು ಕಳಿಸಲು ಹೋಗಬೇಡಿ. ಡಿಕ್ಲೇರ್‌ನಲ್ಲಿ ಸ್ಟ್ರಿಂಗ್ ಎಂದಿದ್ದರೆ ವಿಬಿ ಅದನ್ನು ದಾರಿಯಲ್ಲಿ ಆನ್ಸಿಗೆ, ಅಂದರೆ ಯೂನಿಕೋಡ್‌ಗೆ ಮುಂಚಿನ ಅಕ್ಷರ ಸಂಕೇತಕ್ಕೆ, ಬದಲಿಸುತ್ತದೆ. ಕನ್ನಡಕ್ಕೆ ಆನ್ಸಿ ಕೋಡ್‌ಪೇಜ್ (ಅಂಥ ಸಂಕೇತಗಳ ಪಟ್ಟಿ) ವಿಂಡೋಸ್‌ನಲ್ಲಿ ಇಲ್ಲ. ಆಚೆ ತಲುಪುವುದು ಬರೀ ಪ್ರಶ್ನಾರ್ಥಕ ಚಿಹ್ನೆಗಳು.

ಈ ಎರಡನೇ ಫಂಕ್ಷನ್ ವಿಷಯದಲ್ಲಿ ನಾನು ‘ಐದು ಸಾಲು’ ಅವರ ಕಡೆ. ಸಾಲು ಜೋಡಿಸುವುದನ್ನು ಪೈಥಾನ್‌ನಲ್ಲೇ ಮಾಡಿ. ಲೆಕ್ಕ ಮಾತ್ರ ಅಲ್ಲಿ ಇರಲಿ.

ಐದು ಸಾಲು, ಬೆಂಗಳೂರು

ದಾಖಲೆಗೆ ಇರಲಿ, ಈ ಸಲ ಮೂರೇ ಸಾಲು. 😀

ಮಂಡಿ ಹುಡುಗ, ಸಾಗರ

ಸಿಕ್ಕಿತು ಸರ್! ಸಿ ಕೋಡ್. ಕ್ಯಾಶ್ ಟೇಬಲ್ಲಿನ ಡ್ರಾಯರಿನಲ್ಲಿ, ಹಳೇ ರಸೀದಿ ಪುಸ್ತಕದ ಕೆಳಗೆ ಒಂದು ಸಿಡಿ. ಮೇಲೆ ‘ತೂಕ ಫೈನಲ್ 2’ ಎಂದು ಬರೆದಿದೆ. ಅದರಲ್ಲಿ ಹೆಸರಿಗೆ 32 ಬೈಟೇ ಇದೆ. ಪಂಥ ಗೆದ್ದಿರಿ.

64 ಬಿಟ್‌ಗೆ ಕಂಪೈಲ್ ಮಾಡಿದೆ. ಮೊದಲ ಸಲ ಫಂಕ್ಷನ್ ಹೆಸರು ಪ್ರಶ್ನಾರ್ಥಕದಿಂದ ಶುರುವಾಗಿ ಏನೇನೋ ಆಗಿತ್ತು. ಫೈಲನ್ನು ಸಿಪಿಪಿ ಎಂದು ಸೇವ್ ಮಾಡಿದ್ದೆ, ಸಿ++ ಕಂಪೈಲರು ಹೆಸರನ್ನು ತಿರುಚಿತ್ತು. ಹೆಸರು ತಿರುಚಬೇಡ ಎನ್ನುವ ಎಕ್ಸ್‌ಟರ್ನ್ ಸಿ ಸೇರಿಸಿದೆ, ಸರಿಹೋಯಿತು. 64ರಲ್ಲಿ ಅಟ್ 20 ಕೂಡ ಇಲ್ಲ, ಹೆಸರು ಬರೀ ನಿವ್ವಳ. ಈಗ ಮಾಮೂಲಿ ಪೈಥಾನ್‌ನಲ್ಲೇ ಓಡುತ್ತಿದೆ. ಸಾಲು ಜೋಡಿಸುವುದನ್ನು ಪೈಥಾನ್‌ಗೆ ತಂದೆ.

ಹಳೇ ಟರ್ಮಿನಲ್, ಮೈಸೂರು

ಭೇಷ್. 64 ಬಿಟ್ ವಿಂಡೋಸ್‌ನಲ್ಲಿ ಕರೆಯುವ ಮಾಮೂಲಿ ಪದ್ಧತಿ ಒಂದೇ, ಅದಕ್ಕೇ ಆ ಬಾಲ ಉದುರಿತು. ಅದರ ಜೊತೆ ಅರ್ಧ ಜಾತಕವೂ ಹೋಯಿತು, ಅದು ನೆನಪಿರಲಿ. ಯಾವ ಫಂಕ್ಷನ್, ಏನೇನು ಕೊಡಬೇಕು, ಎಷ್ಟು ಬೈಟ್, ಏನು ವಾಪಸ್ ಎಂದು ಒಂದು ಪುಟ ಬರೆದು ಡಿಎಲ್‌ಎಲ್ ಪಕ್ಕದಲ್ಲೇ ಇಡಿ. ಮಧ್ಯಕ್ಕೆ ಬಿದ್ದ ತೂಕ ಮೇಲಕ್ಕೆ ಹೋಗುತ್ತದೆ ಎಂಬುದನ್ನೂ ಬರೆಯಿರಿ.

ಮಂಡಿ ಹುಡುಗ, ಸಾಗರ

ಬರೆದೆ ಸರ್. ಪ್ರಿಂಟ್ ತೆಗೆದು ಸಿಡಿ ಜೊತೆ ಅದೇ ಡ್ರಾಯರಿಗೆ ಹಾಕಿದೆ. ನಿನ್ನೆ ಮೊದಲ ಗಾಡಿ ಬಂತು, ಹದಿನೆಂಟು ಚೀಲ. ಚಿಕ್ಕಪ್ಪ ಹಳೇ ಮಷೀನಿನಲ್ಲೂ ಒಂದು ಪಟ್ಟಿ ತೆಗೆಸಿ ಎರಡನ್ನೂ ಪಕ್ಕಪಕ್ಕ ಇಟ್ಟು ನೋಡಿದರು. ದೀಪಾವಳಿವರೆಗೆ ಎರಡೂ ಕಡೆ ತೆಗೆಯಬೇಕಂತೆ.